ವಿಪತ್ತಿನ ಹೊತ್ತಿಗೊಂದು ಹ್ಯಾಮ್ ರೇಡಿಯೊ ಪೆಟ್ಟಿಗೆ: ಕಟ್ಟಿದ್ದು, ಕೆಟ್ಟಿದ್ದು, ತಿದ್ದಿದ್ದು

ವಿದ್ಯುತ್ತು ಮತ್ತು ಮೊಬೈಲ್ ಗೋಪುರಗಳು ಒಟ್ಟಿಗೆ ನಿಂತುಹೋದ ಸಂದರ್ಭದಲ್ಲಿ, ಒಬ್ಬರೇ ಹೊತ್ತೊಯ್ದು ಅರ್ಧ ಗಂಟೆಯೊಳಗೆ ನಡೆಸಬಹುದಾದ ಹವ್ಯಾಸಿ (ಹ್ಯಾಮ್) ರೇಡಿಯೊ ಕೇಂದ್ರವೊಂದನ್ನು ಕಟ್ಟುವ ಕೆಲಸ ಹನ್ನೊಂದು ವಾರಗಳ ನಂತರ ಕಳೆದ ಭಾನುವಾರ ಮುಗಿಯಿತು. ಮೂರು ವಾರಗಳಲ್ಲಿ ಮುಗಿಸಬಹುದೆಂದು ಅಂದುಕೊಂಡಿದ್ದೆ. ಉಳಿದ ಎಂಟು ವಾರಗಳು ಎಲ್ಲಿ ಹೋದವು ಎಂಬುದೇ ಈ ಬರಹದ ಮುಖ್ಯ ವಿಷಯ, ಏಕೆಂದರೆ ರೇಡಿಯೊ ಸೆಟ್ ಒಂದು ದಿನವೂ ಕೆಟ್ಟಿರಲಿಲ್ಲ. ಕೆಟ್ಟದ್ದೆಲ್ಲವೂ ಅದರ ಹೊರಗೆ, ನನ್ನ ಕೈಯಾರೆ ಜೋಡಿಸಿದ ತಂತಿ, ಸಂದು, ಲೆಕ್ಕಗಳಲ್ಲಿ.

ಪೆಟ್ಟಿಗೆಯಿಂದ ನನಗೆ ಬೇಕಾಗಿದ್ದ ಕೆಲಸ ಇಷ್ಟು: ನಡುವೆ ಗುಡ್ಡಗಳಿರುವ 80 ಕಿಲೋಮೀಟರ್ ದೂರದ ಇನ್ನೊಂದು ಹವ್ಯಾಸಿ ಕೇಂದ್ರದೊಂದಿಗೆ ಹಗಲೂ ರಾತ್ರಿಯೂ ಮಾತನಾಡಲು ಆಗಬೇಕು, ಸುತ್ತಲಿನ ಕೆಲವು ಕಿಲೋಮೀಟರ್‌ಗಳಲ್ಲಿ ಕೈರೇಡಿಯೊ ಹಿಡಿದು ಓಡಾಡುವವರ ಸಂದೇಶಗಳನ್ನು ಪಡೆಯಲು ಆಗಬೇಕು, ಮತ್ತು ಇವೆರಡೂ ಹೊರಗಿನ ಯಾವ ವಿದ್ಯುತ್ತಿನ ನೆರವೂ ಇಲ್ಲದೆ ಕನಿಷ್ಠ ಒಂದು ಇರುಳು ನಡೆಯಬೇಕು. 2004ರ ಡಿಸೆಂಬರ್ 26ರ ಸುನಾಮಿಯ ದಿನ ಭಾರತಿ ಪ್ರಸಾದ್ ಅವರ ಹವ್ಯಾಸಿ ತಂಡ ಪೋರ್ಟ್ ಬ್ಲೇರ್‌ನಿಂದ ಅಂಡಮಾನ್‌ಗೂ ಹೊರಜಗತ್ತಿಗೂ ಕೊಂಡಿಯಾಗಲು ಸಾಧ್ಯವಾದದ್ದರಲ್ಲಿ, ಬೇರೊಂದು ಹವ್ಯಾಸಿ ಕಾರ್ಯಕ್ರಮಕ್ಕಾಗಿ ಅಲ್ಲಿಗೆ ಹೋಗಿದ್ದ ಆ ತಂಡದ ಕೇಂದ್ರ ಆಗಲೇ ನಡೆಯುತ್ತಿತ್ತು ಎಂಬುದರ ಪಾಲು ದೊಡ್ಡದು. ನನ್ನ ಪೆಟ್ಟಿಗೆಯೂ ಕಪಾಟಿನಲ್ಲಿ ಸಿದ್ಧವಾಗಿ ಕೂರುವ ವಸ್ತುವಾಗದೆ, ನಡೆದು ನೋಡಿದ ಕೇಂದ್ರವಾಗಿರಬೇಕು ಎಂಬ ಹಟದಿಂದಲೇ ಪರೀಕ್ಷೆಗಳನ್ನು ಮತ್ತೆ ಮತ್ತೆ ಮಾಡಿದೆ.

ಹಂತ 1: ವಿದ್ಯುತ್ತು (ಮೊದಲ ವಾರ ಮತ್ತು ಎರಡನೆಯ ವಾರ)

ಬಳಸಿದ ವಸ್ತುಗಳು: 100 ವ್ಯಾಟ್‌ನ ಎಚ್‌ಎಫ್ ಟ್ರಾನ್ಸೀವರ್ (3ರಿಂದ 30 ಮೆಗಾಹರ್ಟ್ಸ್‌ನಲ್ಲಿ ಕಳುಹಿಸುವ, ಆಲಿಸುವ ರೇಡಿಯೊ), 12.8 ವೋಲ್ಟ್ 20 ಆಂಪಿಯರ್-ಅವರ್‌ನ ಲಿಥಿಯಂ ಐರನ್ ಫಾಸ್ಫೇಟ್ ಬ್ಯಾಟರಿ, 25 ಆಂಪಿಯರ್‌ನ ಎರಡು ಫ್ಯೂಸ್, ಆಂಡರ್ಸನ್ ಪವರ್‌ಪೋಲ್ ಕನೆಕ್ಟರ್‌ಗಳು, 50 ವ್ಯಾಟ್‌ನ ಮಡಚುವ ಸೌರಫಲಕ. ಸಲಕರಣೆಗಳು: ಬೆಸುಗೆ ಕಡ್ಡಿ, ಕ್ರಿಂಪಿಂಗ್ ಇಕ್ಕಳ, ಮಲ್ಟಿಮೀಟರ್.

ಮನೆಯಲ್ಲಿ ಉಳಿದಿದ್ದ 1.5 ಚದರ ಮಿಲಿಮೀಟರ್‌ನ ಜೋಡಿ ತಂತಿಯನ್ನು 3 ಮೀಟರ್ ಉದ್ದಕ್ಕೆ ಕತ್ತರಿಸಿ ಬ್ಯಾಟರಿಯಿಂದ ರೇಡಿಯೊಗೆ ಎಳೆದದ್ದು ನನ್ನ ಮೊದಲ ತಪ್ಪು. ಆಲಿಸುವಾಗ ಎಲ್ಲವೂ ಸರಿಯಾಗಿತ್ತು. ಪೂರ್ತಿ ಶಕ್ತಿಯಲ್ಲಿ ಮಾತು ಆರಂಭಿಸಿದ ಕೂಡಲೇ ರೇಡಿಯೊ ಆರಿ ಮತ್ತೆ ಹೊತ್ತಿಕೊಳ್ಳುತ್ತಿತ್ತು. ಬ್ಯಾಟರಿಯೊಳಗಿನ ರಕ್ಷಣಾ ಸರ್ಕ್ಯೂಟನ್ನು ಅನುಮಾನಿಸಿ ಎರಡು ಸಂಜೆಗಳನ್ನು ಕಳೆದೆ. ಮೂರನೆಯ ಸಂಜೆ ಮಲ್ಟಿಮೀಟರಿನ ಕಡ್ಡಿಗಳನ್ನು ರೇಡಿಯೊದ ಹಿಂಬದಿಯ ಸಾಕೆಟ್ಟಿಗೇ ಹಿಡಿದು, ಪ್ರಸರಣದ ಗುಂಡಿ ಒತ್ತಿದಾಗ ವಿಷಯ ತಿಳಿಯಿತು. ಬ್ಯಾಟರಿಯ ತುದಿಯಲ್ಲಿ 12.7 ವೋಲ್ಟ್ ಇದ್ದಾಗ ರೇಡಿಯೊದ ತುದಿಯಲ್ಲಿ 10.9 ವೋಲ್ಟ್ ಇತ್ತು. ಈ ರೇಡಿಯೊ ಕೇಳುವುದು 13.8 ವೋಲ್ಟ್, ಅದರಿಂದ ಶೇಕಡಾ 15ರಷ್ಟು ಏರಿಳಿತಕ್ಕೆ ಮಾತ್ರ ಅವಕಾಶ, ಅಂದರೆ ಸುಮಾರು 11.7 ವೋಲ್ಟ್‌ಗಿಂತ ಕೆಳಗೆ ಅದು ನಿಲ್ಲುವುದು ಸಹಜವೇ. ಹೋಗುವ ತಂತಿ 3 ಮೀಟರ್, ಬರುವ ತಂತಿ 3 ಮೀಟರ್, ಒಟ್ಟು 6 ಮೀಟರ್ ತೆಳು ತಾಮ್ರದಲ್ಲಿ 20 ಆಂಪಿಯರ್ ಹರಿದರೆ ಒಂದೂವರೆ ವೋಲ್ಟ್ ಅಲ್ಲಿಯೇ ಕಳೆದುಹೋಗುತ್ತದೆ. ಉಳಿದ 0.3 ವೋಲ್ಟ್ ಫ್ಯೂಸಿನ ಗೂಡಿನಲ್ಲಿ ಹೋಗುತ್ತಿತ್ತು. ಕೈಯಿಟ್ಟು ನೋಡಿದರೆ ಅದು ಬಿಸಿಯಾಗಿತ್ತು, ಕ್ರಿಂಪ್ (ತಂತಿಯನ್ನು ಇಕ್ಕಳದಿಂದ ಒತ್ತಿ ಹಿಡಿಸಿದ ಸಂದು) ಸಡಿಲವಾಗಿತ್ತು.

6 ಚದರ ಮಿಲಿಮೀಟರ್‌ನ ತಂತಿಯನ್ನು 1 ಮೀಟರ್ ಉದ್ದಕ್ಕೆ ಇಳಿಸಿ, ಕ್ರಿಂಪ್‌ಗಳನ್ನೆಲ್ಲ ಹೊಸದಾಗಿ ಮಾಡಿ, ಪ್ಲಸ್ ಮತ್ತು ಮೈನಸ್ ಎರಡೂ ತಂತಿಗಳಲ್ಲಿ ಬ್ಯಾಟರಿಗೆ ಆದಷ್ಟು ಹತ್ತಿರದಲ್ಲಿ ಫ್ಯೂಸ್ ಹಾಕಿದ ಮೇಲೆ ಒಟ್ಟು ಇಳಿಕೆ 0.2 ವೋಲ್ಟ್‌ಗೆ ಬಂತು. ವೋಲ್ಟೇಜನ್ನು ಅಳೆಯುವುದಾದರೆ ಪ್ರಸರಣದ ಹೊತ್ತಿನಲ್ಲಿ, ರೇಡಿಯೊದ ತುದಿಯಲ್ಲಿ ಅಳೆಯಬೇಕು. ಬೇರೆಲ್ಲಿ ಅಳೆದರೂ ನನಗೆ ಆದಂತೆ ಸಂಜೆಗಳು ವ್ಯರ್ಥವಾಗುತ್ತವೆ.

ಹಂತ 2: 40 ಮೀಟರ್ ಡೈಪೋಲ್ (ಮೂರನೆಯ ವಾರ)

ಹಗಲಿನ ಮಾತಿಗೆ 40 ಮೀಟರ್ ಬ್ಯಾಂಡಿನ (ಅಲೆಯ ಉದ್ದ ಸುಮಾರು 40 ಮೀಟರ್) 7.110 ಮೆಗಾಹರ್ಟ್ಸ್ ಅನ್ನು, ಆಂಟೆನಾಕ್ಕೆ ಡೈಪೋಲನ್ನು, ಅಂದರೆ ನಡುವಿನಲ್ಲಿ ಕೇಬಲ್ ಸೇರುವ ಎರಡು ಸಮ ಬದಿಗಳ ತಂತಿಯನ್ನು ಆರಿಸಿಕೊಂಡೆ. ವಿಪತ್ತಿನ ಸಂದೇಶಗಳಿಗಾಗಿ ಹವ್ಯಾಸಿಗಳು ಮೊದಲು ಕಿವಿಗೊಡುವ ಫ್ರೀಕ್ವೆನ್ಸಿಗಳಲ್ಲಿ 14.300, 18.160 ಮತ್ತು 21.360 ಮೆಗಾಹರ್ಟ್ಸ್ ಜಗತ್ತಿನಾದ್ಯಂತ ಒಂದೇ. 40 ಮತ್ತು 80 ಮೀಟರ್ ಬ್ಯಾಂಡ್‌ಗಳಲ್ಲಿ ಮಾತ್ರ ಅಂತರರಾಷ್ಟ್ರೀಯ ಹವ್ಯಾಸಿ ರೇಡಿಯೊ ಒಕ್ಕೂಟದ ಮೂರು ವಲಯಗಳ ಸಂಖ್ಯೆಗಳು ಎಲ್ಲವೂ ಒಂದೇ ಅಲ್ಲ. ಭಾರತವಿರುವ ಮೂರನೆಯ ವಲಯಕ್ಕೆ ಅವು 7.110 ಮತ್ತು 3.600. ಇವು ಯಾರಿಗೂ ಮೀಸಲಾದ ಜಾಗಗಳಲ್ಲ, ಸೇರುವ ಜಾಗಗಳು ಅಷ್ಟೆ. ಆದ್ದರಿಂದ ಆಂಟೆನಾ ಆ ಸಂಖ್ಯೆಯ ಆಚೀಚೆಯೂ ಚೆನ್ನಾಗಿ ನಡೆಯಬೇಕು.

142.65 ಅನ್ನು ಮೆಗಾಹರ್ಟ್ಸ್‌ನಿಂದ ಭಾಗಿಸಿದರೆ ಅರ್ಧತರಂಗ ಡೈಪೋಲಿನ ಒಟ್ಟು ಉದ್ದ ಮೀಟರ್‌ಗಳಲ್ಲಿ ಸಿಗುತ್ತದೆ. 7.110ಕ್ಕೆ 20.06 ಮೀಟರ್, ಒಂದು ಬದಿಗೆ 10.03. ಸರಿಹೊಂದಿಸಲು ಇರಲಿ ಎಂದು ಪ್ರತಿ ಬದಿಯನ್ನೂ 10.30 ಮೀಟರ್‌ಗೆ ಕತ್ತರಿಸಿದೆ. 8 ಮೀಟರ್ ಎತ್ತರದ ಫೈಬರ್‌ಗ್ಲಾಸ್ ಕಂಬದ ತುದಿಗೆ ನಡುಭಾಗವನ್ನು ಕಟ್ಟಿ, ಎರಡು ಬದಿಗಳನ್ನು ತಲೆಕೆಳಗಾದ ವಿ ಆಕಾರದಲ್ಲಿ ಇಳಿಬಿಟ್ಟು, ತುದಿಗಳನ್ನು ಹಗ್ಗದಿಂದ ನೆಲಕ್ಕಿಂತ ಎರಡೂವರೆ ಮೀಟರ್ ಮೇಲೆ ನಿಲ್ಲಿಸಿದೆ. ಪ್ರಸರಣದ ಹೊತ್ತಿನಲ್ಲಿ ಡೈಪೋಲಿನ ತುದಿಗಳಲ್ಲಿ ವೋಲ್ಟೇಜ್ ಬಹಳ ಹೆಚ್ಚಿರುತ್ತದೆ, ಕತ್ತಲಲ್ಲಿ ಯಾರ ಕೈಗೂ ಅವು ಎಟುಕಬಾರದು. ಕಂಬ ಎತ್ತುವ ಮೊದಲು, ಅದು ಯಾವ ಕಡೆಗೆ ಬಿದ್ದರೂ ವಿದ್ಯುತ್ ತಂತಿಗೆ ತಗಲದಷ್ಟು ದೂರವಿದೆಯೇ ಎಂದು ಹೆಜ್ಜೆ ಹಾಕಿ ಅಳೆಯುವುದನ್ನು ಪ್ರತಿ ಸಲವೂ ತಪ್ಪದೆ ಮಾಡಿದ್ದೇನೆ. ಬಿರುಗಾಳಿಯ ನಂತರ ಜೋತುಬಿದ್ದ ತಂತಿಗಳಿರುವ ಜಾಗದಲ್ಲಿ ಇದಕ್ಕಿಂತ ಮುಖ್ಯವಾದ ಅಳತೆ ಇನ್ನೊಂದಿಲ್ಲ.

ಆಂಟೆನಾ ಅನಲೈಸರ್ ಹಚ್ಚಿದಾಗ ಎಸ್‌ಡಬ್ಲ್ಯುಆರ್ (ಕಳುಹಿಸಿದ ಶಕ್ತಿ ಆಂಟೆನಾದಿಂದ ಎಷ್ಟು ಹಿಂದಿರುಗುತ್ತದೆ ಎಂಬುದರ ಅಳತೆ, 1ಕ್ಕೆ ಹತ್ತಿರವಿದ್ದಷ್ಟೂ ಒಳ್ಳೆಯದು) ಅತಿ ಕಡಿಮೆಯಿದ್ದ ಜಾಗ 6.82 ಮೆಗಾಹರ್ಟ್ಸ್. ಪ್ಲಾಸ್ಟಿಕ್ ಹೊದಿಕೆಯ ತಂತಿ ಬರಿಯ ತಾಮ್ರಕ್ಕಿಂತ ತುಸು ಉದ್ದವಿದ್ದಂತೆ ವರ್ತಿಸುತ್ತದೆ ಎಂಬುದು ಗೊತ್ತಿತ್ತು, ಆದರೂ ಲೆಕ್ಕ ಹಾಕದೆ ಆತುರದಿಂದ ಎರಡೂ ಬದಿಗಳಲ್ಲಿ 60 ಸೆಂಟಿಮೀಟರ್ ಕತ್ತರಿಸಿಬಿಟ್ಟೆ. ಆ ಕನಿಷ್ಠ ಬಿಂದು 7.24ಕ್ಕೆ ಹಾರಿತು. ಕತ್ತರಿಸಿದ್ದರಿಂದ ಒಂದಿಷ್ಟನ್ನು ಮತ್ತೆ ಬೆಸೆದು ಸೇರಿಸಬೇಕಾಯಿತು, ಮತ್ತು ಆ ಬೆಸುಗೆ ಮುಂದೆ ಗಾಳಿಯಲ್ಲಿ ಒಮ್ಮೆ ಬಿಟ್ಟೂಹೋಯಿತು. ಇರುವ ಉದ್ದವನ್ನು ಈಗಿನ ಫ್ರೀಕ್ವೆನ್ಸಿಯಿಂದ ಗುಣಿಸಿ ಬೇಕಾದ ಫ್ರೀಕ್ವೆನ್ಸಿಯಿಂದ ಭಾಗಿಸಿದ್ದರೆ ಪ್ರತಿ ಬದಿಗೆ 9.88 ಮೀಟರ್ ಎಂದು ಮೊದಲೇ ಸಿಗುತ್ತಿತ್ತು. ಕತ್ತರಿಸುವ ಬದಲು ತುದಿಯನ್ನು ಹಿಂದಕ್ಕೆ ಮಡಚಿ ಅದೇ ತಂತಿಗೆ ಬಿಗಿಯಾಗಿ ಸುತ್ತಿದರೂ ಸಾಕು, ಅನಲೈಸರಿನ ಮಟ್ಟಿಗೆ ಅದು ಕತ್ತರಿಸಿದಂತೆಯೇ. ಕೊನೆಗೆ 7.110ರಲ್ಲಿ ಎಸ್‌ಡಬ್ಲ್ಯುಆರ್ 1.3ಕ್ಕೆ ನಿಂತಿತು.

8 ಮೀಟರ್ ಎತ್ತರ ಕಡಿಮೆಯಾಯಿತು ಎಂದು ಕೆಲವರು ಹೇಳಿದರು. ದೂರದ ದೇಶಗಳೊಂದಿಗೆ ಮಾತನಾಡುವುದಾದರೆ ಅದು ನಿಜ. ಆದರೆ ನನಗೆ ಬೇಕಾದದ್ದು 80 ಕಿಲೋಮೀಟರ್. ಡೈಪೋಲು ನೆಲಕ್ಕೆ ಹತ್ತಿರವಿದ್ದಾಗ ಶಕ್ತಿಯ ಬಹುಪಾಲು ನೆತ್ತಿಯ ಕಡೆಗೇ ಹೋಗಿ, ಅಯಾನುಗೋಳದಿಂದ (ವಾತಾವರಣದ ಮೇಲ್ಭಾಗದ ವಿದ್ಯುತ್ಕಣಗಳ ಪದರ) ನೇರ ಕೆಳಗೆ ಬಂದು, ಸುತ್ತಲಿನ ಕೆಲವು ನೂರು ಕಿಲೋಮೀಟರ್‌ಗಳನ್ನು ಕೊಡೆಯಂತೆ ಮುಚ್ಚುತ್ತದೆ. ನಡುವಿನ ಗುಡ್ಡಗಳು ಆಗ ಲೆಕ್ಕಕ್ಕೇ ಬರುವುದಿಲ್ಲ. ಮೊದಲ ಹಗಲಿನ ಪರೀಕ್ಷೆಯಲ್ಲಿ 40 ವ್ಯಾಟ್‌ಗೆ ಆಚೆಯ ಸ್ನೇಹಿತರ ದನಿ ಪಕ್ಕದ ಕೋಣೆಯಿಂದ ಬಂದಷ್ಟು ಸ್ಪಷ್ಟವಾಗಿತ್ತು.

ಹಂತ 3: ಕತ್ತಲಾದ ಮೇಲೆ (ನಾಲ್ಕರಿಂದ ಆರನೆಯ ವಾರ)

ಇಡೀ ಕೆಲಸದಲ್ಲಿ ನನ್ನನ್ನು ಹೆಚ್ಚು ಕಂಗೆಡಿಸಿದ್ದು ಇದು. ಹಗಲೆಲ್ಲ ಚೆನ್ನಾಗಿ ಕೇಳುತ್ತಿದ್ದ ಅದೇ ಕೇಂದ್ರ, ಸೂರ್ಯ ಮುಳುಗಿ ಸುಮಾರು ಎರಡು ಗಂಟೆಗಳ ನಂತರ ಕ್ಷೀಣಿಸುತ್ತಾ ಹೋಗಿ, ಕೊನೆಗೆ ಪೂರ್ತಿ ಕಾಣೆಯಾಯಿತು. ಅದೇ ಹೊತ್ತಿಗೆ ಸಾವಿರಾರು ಕಿಲೋಮೀಟರ್ ಆಚೆಯ ಕೇಂದ್ರಗಳು ಜೋರಾಗಿ ಕೇಳುತ್ತಿದ್ದುದರಿಂದ ಆಂಟೆನಾ ಕೆಟ್ಟಿಲ್ಲ ಎಂಬುದು ಖಚಿತವಾಯಿತು. ಶಕ್ತಿಯನ್ನು 100 ವ್ಯಾಟ್‌ಗೆ ಏರಿಸಿದರೂ ಏನೂ ಬದಲಾಗಲಿಲ್ಲ. ಇರುಳಿನಲ್ಲಿ ಅಯಾನುಗೋಳದ ಸಾಂದ್ರತೆ ಇಳಿದಾಗ, ನೆತ್ತಿಗೆ ಹೋದ 7 ಮೆಗಾಹರ್ಟ್ಸ್‌ನ ಅಲೆ ಹಿಂದಿರುಗದೆ ಬಾಹ್ಯಾಕಾಶಕ್ಕೆ ತೂರಿಹೋಗುತ್ತದೆ. ಓರೆಯಾಗಿ ಹೋದದ್ದು ಮಾತ್ರ ದೂರದಲ್ಲಿ ಇಳಿಯುತ್ತದೆ. ಪುಸ್ತಕದಲ್ಲಿ ಓದಿದ್ದ ಮಾತು, ಆದರೆ ವಿಪತ್ತು ಇರುಳಿನಲ್ಲಿ ಬಂದರೆ ನನ್ನ ಪೆಟ್ಟಿಗೆ ಪಕ್ಕದ ಊರನ್ನು ತಲುಪಲಾರದು ಎಂಬ ಅರ್ಥದಲ್ಲಿ ಅದು ಮನಸ್ಸಿಗೆ ಹೊಕ್ಕದ್ದು ಆ ರಾತ್ರಿಯೇ.

ಪರಿಹಾರ 80 ಮೀಟರ್ ಬ್ಯಾಂಡ್. ಎರಡನೆಯ ಆಂಟೆನಾ ಹೊರುವ ಬದಲು ಇರುವುದನ್ನೇ ಕೊಂಡಿಯ ಡೈಪೋಲಾಗಿ ಮಾರ್ಪಡಿಸಿದೆ: ಪ್ರತಿ ಬದಿಯ 9.88 ಮೀಟರ್‌ನ ತುದಿಗೆ ಒಂದು ಇನ್ಸುಲೇಟರ್, ಅದರಾಚೆಗೆ ಇನ್ನೂ 9.58 ಮೀಟರ್ ತಂತಿ, ಇನ್ಸುಲೇಟರಿನ ಎರಡು ಬದಿಗಳನ್ನು ಸೇರಿಸಲು ಒಂದು ಸಣ್ಣ ಕೊಂಡಿ. ಕೊಂಡಿ ಬಿಚ್ಚಿದರೆ 7.110, ಸೇರಿಸಿದರೆ 3.600. ಈ ಸಲ ಮಡಚಿಯೇ ಸರಿಹೊಂದಿಸಿದೆ. 3.600ರಲ್ಲಿ ಎಸ್‌ಡಬ್ಲ್ಯುಆರ್ 1.6ಕ್ಕಿಂತ ಕೆಳಗೆ ಇಳಿಯಲಿಲ್ಲ, ಅದನ್ನು ಒಪ್ಪಿಕೊಂಡೆ. ಮೊದಲು ಕೊಂಡಿಗೆ ಮೊಸಳೆ ಕ್ಲಿಪ್‌ಗಳನ್ನು ಹಾಕಿದ್ದೆ. ಗಾಳಿಗೆ ಅಲುಗಾಡಿ ಅವುಗಳ ಸಂಪರ್ಕ ತಪ್ಪಿದಾಗಲೆಲ್ಲ ಎಸ್‌ಡಬ್ಲ್ಯುಆರ್ ಕುಣಿಯುತ್ತಿತ್ತು. ಅವನ್ನು ತೆಗೆದು, ಎಳೆತವೆಲ್ಲ ಇನ್ಸುಲೇಟರಿನ ಮೇಲೆ ಬೀಳುವಂತೆ ಕಟ್ಟಿ, ಪವರ್‌ಪೋಲ್ ಕನೆಕ್ಟರನ್ನೇ ಕೊಂಡಿಯಾಗಿ ಬಳಸಿದ ಮೇಲೆ ತೊಂದರೆ ಇಲ್ಲ. ಆ ರಾತ್ರಿ 10 ಗಂಟೆಗೆ 3.600ರಲ್ಲಿ ಸ್ನೇಹಿತರು ಉತ್ತರಿಸಿದಾಗ ಆದ ನೆಮ್ಮದಿಯನ್ನು ಬರೆದಿಡಲೇಬೇಕು.

ಆದರೆ 80 ಮೀಟರ್‌ನಲ್ಲಿ ಹೊಸದೊಂದು ದೋಷ ಎದ್ದಿತು. ನನ್ನ ಮಾತು ಗೊಗ್ಗರಾಗಿ, ಒಡೆದು ಕೇಳುತ್ತಿದೆ ಎಂದು ಅವರು ತಿಳಿಸಿದರು. ಆಂಟೆನಾದ ವಿದ್ಯುತ್ ಕೋಆಕ್ಸಿಯಲ್ ಕೇಬಲ್ಲಿನ ಹೊರಮೈಯಲ್ಲಿ ಇಳಿದು ಬಂದು ಮೈಕ್ ತಂತಿಯೊಳಗೆ ನುಗ್ಗುತ್ತಿತ್ತು. ಕೇಬಲ್ಲನ್ನೇ ಆರು ಸುತ್ತು ಸುತ್ತಿ ಟೇಪ್ ಹಚ್ಚಿ ನೋಡಿದೆ, 40 ಮೀಟರ್‌ಗೆ ಸ್ವಲ್ಪ ಉಪಯೋಗವಾಯಿತೇ ಹೊರತು 80ಕ್ಕೆ ಏನೂ ಆಗಲಿಲ್ಲ. ಹೊರವ್ಯಾಸ 2.4 ಅಂಗುಲದ, 31ನೆಯ ಮಿಶ್ರಣದ ಫೆರೈಟ್ ಉಂಗುರಕ್ಕೆ (ಹೊರಮೈಯ ವಿದ್ಯುತ್ತನ್ನು ತಡೆಯುವ ಕಾಂತೀಯ ವಸ್ತು) ಆರ್‌ಜಿ 58 ಎಂಬ ತೆಳು ಕೋಆಕ್ಸಿಯಲ್ ಕೇಬಲ್ಲನ್ನು 12 ಸುತ್ತು ಸುತ್ತಿ ಡೈಪೋಲಿನ ನಡುವಿಗೆ ಕಟ್ಟಿದ ಮೇಲೆ ದನಿ ಶುದ್ಧವಾಯಿತು. ಇದು ಕಂಬದ ತುದಿಗೆ ಭಾರ ಹೆಚ್ಚಿಸಿತು, ಹಾಗಾಗಿ ಗಾಳಿಹಗ್ಗಗಳನ್ನು ಒಂದು ಸುತ್ತಿನ ಬದಲು ಎರಡು ಎತ್ತರಗಳಲ್ಲಿ ಕಟ್ಟಬೇಕಾಯಿತು.

ಹಂತ 4: ಹತ್ತಿರದ ಮಾತು (ಏಳನೆಯ ವಾರ)

145 ಮೆಗಾಹರ್ಟ್ಸ್‌ಗೆ ಕಾಲುತರಂಗದ ಆಂಟೆನಾ ಒಂದು ಮಧ್ಯಾಹ್ನದ ಕೆಲಸ: ನೇರ ನಿಲ್ಲುವ ಕಡ್ಡಿ 49 ಸೆಂಟಿಮೀಟರ್, ಕೆಳಮುಖವಾಗಿ 45 ಡಿಗ್ರಿ ಬಾಗಿದ ನಾಲ್ಕು ಕಡ್ಡಿಗಳು ತಲಾ 52 ಸೆಂಟಿಮೀಟರ್, ಎಲ್ಲವೂ ಒಂದು ಚಾಸಿಸ್ ಸಾಕೆಟ್ಟಿನ ಮೇಲೆ. ತಪ್ಪಾದದ್ದು ಕೇಬಲ್ಲಿನ ಆಯ್ಕೆಯಲ್ಲಿ. 7 ಮೆಗಾಹರ್ಟ್ಸ್‌ನಲ್ಲಿ ಚೆನ್ನಾಗಿ ನಡೆದ ಆರ್‌ಜಿ 58 ಅನ್ನೇ 15 ಮೀಟರ್ ಎಳೆದೆ. ಈ ಫ್ರೀಕ್ವೆನ್ಸಿಯಲ್ಲಿ ಅಷ್ಟು ಉದ್ದಕ್ಕೆ ಸುಮಾರು 3 ಡೆಸಿಬೆಲ್ ನಷ್ಟವಾಗಿ, 5 ವ್ಯಾಟ್‌ನಲ್ಲಿ ಎರಡೂವರೆ ವ್ಯಾಟ್ ಮಾತ್ರ ಮೇಲೆ ತಲುಪುತ್ತಿತ್ತು. ದಪ್ಪನೆಯ ಆರ್‌ಜಿ 213 ಹಾಕಿದಾಗ ನಷ್ಟ ಅರ್ಧಕ್ಕಿಂತ ಕಡಿಮೆಯಾಯಿತು. ಆದರೆ ಅದರ ಭಾರಕ್ಕೆ ಕೈರೇಡಿಯೊದ ಪುಟ್ಟ ಸಾಕೆಟ್ಟು ಮುರಿಯುವಂತಾದಾಗ, ನಡುವೆ ಅರ್ಧ ಮೀಟರಿನ ತೆಳು ಕೇಬಲ್ ತುಂಡೊಂದನ್ನು ಸೇರಿಸಿದೆ.

ಅದೇ ವಾರ ಮಳೆ ಬಂತು. ಮರುದಿನ ಡೈಪೋಲಿನ ಎಸ್‌ಡಬ್ಲ್ಯುಆರ್ 3 ದಾಟಿತ್ತು. ಕೇಬಲ್ಲಿನ ಹೆಣಿಗೆಯೊಳಗೆ ನೀರು ಇಳಿದು ಎರಡು ಮೀಟರ್‌ವರೆಗೆ ಕಪ್ಪಾಗಿತ್ತು. ಪಿಎಲ್ 259 ಕನೆಕ್ಟರಿಗೆ ತಾನಾಗಿ ಬೆಸೆದುಕೊಳ್ಳುವ ರಬ್ಬರ್ ಟೇಪನ್ನು ಸುತ್ತುವುದನ್ನು ‘ಪರೀಕ್ಷೆ ತಾನೇ’ ಎಂದು ಮುಂದೂಡಿದ್ದೆ. ಆ ತುಂಡನ್ನು ಕತ್ತರಿಸಿ ಎಸೆದು ಹೊಸ ಕನೆಕ್ಟರ್ ಹಾಕಿದೆ. ಮಳೆ ಬಿರುಗಾಳಿಗಳಲ್ಲಿಯೇ ಕೆಲಸ ಮಾಡಬೇಕಾದ ಆಂಟೆನಾಕ್ಕೆ ಮುಂದೂಡಬಾರದ ಕೆಲಸ ಅದು.

ಹಂತ 5: ಮೊದಲ ಇರುಳು ಪರೀಕ್ಷೆ (ಎಂಟನೆಯ ವಾರ)

ಸಂಜೆ 6ರಿಂದ ಬೆಳಗಿನ 6ರವರೆಗೆ ಬ್ಯಾಟರಿಯೊಂದರಿಂದಲೇ ನಡೆಸುವುದು ನಿಯಮ. ರಾತ್ರಿ 2 ಗಂಟೆ 20 ನಿಮಿಷಕ್ಕೆ ರೇಡಿಯೊ ಆರಿತು. ಅದಕ್ಕೆ ಸ್ವಲ್ಪ ಹೊತ್ತಿನ ಮುಂಚೆ ನೋಡಿದಾಗ ವೋಲ್ಟ್‌ಮೀಟರಿನಲ್ಲಿ 13ರ ಆಸುಪಾಸಿನ ಸಂಖ್ಯೆಯೇ ಇದ್ದುದರಿಂದ ಇನ್ನೂ ಅರ್ಧ ಬ್ಯಾಟರಿ ಇದೆಯೆಂದು ನಂಬಿದ್ದೆ. ಈ ಬಗೆಯ ಬ್ಯಾಟರಿಯ ವೋಲ್ಟೇಜ್ ಬಹುಹೊತ್ತು ಒಂದೇ ಮಟ್ಟದಲ್ಲಿದ್ದು ಕೊನೆಯಲ್ಲಿ ಒಮ್ಮೆಗೇ ಕುಸಿಯುತ್ತದೆ, ಆದ್ದರಿಂದ ವೋಲ್ಟೇಜ್ ನೋಡಿ ಉಳಿಕೆಯನ್ನು ಊಹಿಸಲಾಗದು. ಖರ್ಚಾದ ಆಂಪಿಯರ್-ಅವರ್‌ಗಳನ್ನು ಎಣಿಸುವ ಮೀಟರನ್ನು ಮರುದಿನವೇ ತಂತಿಯಲ್ಲಿ ಸೇರಿಸಿದೆ. ಅದರಲ್ಲಿ ಕಂಡದ್ದು: ಆಲಿಸುವಾಗ 0.9 ಆಂಪಿಯರ್, 40 ವ್ಯಾಟ್‌ನಲ್ಲಿ ಮಾತನಾಡುವಾಗ ಸರಾಸರಿ 7 ಆಂಪಿಯರ್. ಐದರಲ್ಲಿ ಒಂದು ಪಾಲು ಹೊತ್ತು ಮಾತನಾಡಿದರೂ ಸರಾಸರಿ 2 ಆಂಪಿಯರ್ ಮೀರುತ್ತದೆ. ಎಂಟು ಚಿಲ್ಲರೆ ಗಂಟೆಗಳಲ್ಲಿ ಬ್ಯಾಟರಿ ಮುಗಿದದ್ದು ಸರಿಯಾದ ಲೆಕ್ಕವೇ ಆಗಿತ್ತು, ನಾನು ಆ ಲೆಕ್ಕವನ್ನು ಮಾಡಿರಲಿಲ್ಲ.

ಇನ್ನೊಂದು ಬ್ಯಾಟರಿ ಸೇರಿಸುವ ಬದಲು ನಡವಳಿಕೆಯನ್ನು ಬದಲಿಸಿದೆವು. ಪ್ರತಿ ಗಂಟೆಯ ಮೊದಲ 15 ನಿಮಿಷ ಮಾತ್ರ ಎಚ್‌ಎಫ್ ರೇಡಿಯೊ ಹೊತ್ತಿರುತ್ತದೆ, ಉಳಿದ ಹೊತ್ತು ಕೈರೇಡಿಯೊ ಆಲಿಸುತ್ತದೆ. ಸಾಕಾದರೆ 20 ವ್ಯಾಟ್, ಸಾಲದಿದ್ದರೆ ಮಾತ್ರ ಹೆಚ್ಚು. ಎರಡು ಕೇಂದ್ರಗಳ ಗಡಿಯಾರಗಳೂ ಒಂದೇ ಆಗಿರಬೇಕಾದುದರಿಂದ ದಾಖಲೆಯೆಲ್ಲ ಯುಟಿಸಿಯಲ್ಲಿ, ಅಂದರೆ ಅಂತರರಾಷ್ಟ್ರೀಯ ಪ್ರಮಾಣ ಸಮಯದಲ್ಲಿ. ಎರಡನೆಯ ಇರುಳು ಪರೀಕ್ಷೆಯಲ್ಲಿ 12 ಗಂಟೆಗಳಿಗೆ ಖರ್ಚಾದದ್ದು 6.8 ಆಂಪಿಯರ್-ಅವರ್.

ಬೆಳಗ್ಗೆ ಸೌರಫಲಕವನ್ನು ಹರಡಿದ ಕೂಡಲೇ ಎಸ್-ಮೀಟರಿನಲ್ಲಿ (ಬರುವ ಸಂಕೇತದ ಬಲ ತೋರಿಸುವ ಮಾಪಕ) ಗದ್ದಲ ಎಸ್ 2ರಿಂದ ಎಸ್ 7ಕ್ಕೆ ಏರಿ ಸ್ನೇಹಿತರ ದನಿ ಮುಳುಗಿಹೋಯಿತು. ಚಾರ್ಜ್ ನಿಯಂತ್ರಕದ ಒಳಗಿನ ಸ್ವಿಚಿಂಗ್ ಇದಕ್ಕೆ ಕಾರಣ. ಒಳಬರುವ ಮತ್ತು ಹೊರಹೋಗುವ ತಂತಿಗಳಿಗೆ ಫೆರೈಟ್ ಉಂಗುರಗಳನ್ನು ಹಾಕಿದಾಗ ಅದು ಎಸ್ 4ಕ್ಕೆ ಇಳಿಯಿತು, ಅದಕ್ಕಿಂತ ಕೆಳಗೆ ನನ್ನಿಂದ ಇಳಿಸಲಾಗಲಿಲ್ಲ. ಈಗ ಆಲಿಸುವ 15 ನಿಮಿಷ ಫಲಕದ ತಂತಿಯನ್ನು ಬಿಚ್ಚಿಡುತ್ತೇನೆ.

ಹಂತ 6: ಸಂದೇಶದ ಹಾಳೆ (ಒಂಬತ್ತನೆಯ ವಾರ)

ಯಂತ್ರ ಸರಿಹೋದ ಮೇಲೆ, ನಿಜವಾದ ಸಂದೇಶವೊಂದನ್ನು ಕಳುಹಿಸಿ ನೋಡಿದೆವು: ಬೇಕಾದ ಹೊದಿಕೆ, ನೀರು, ಔಷಧಿಗಳ ಕಲ್ಪಿತ ಪಟ್ಟಿ. ಆಚೆ ಬರೆದುಕೊಂಡದ್ದನ್ನು ಹೋಲಿಸಿದಾಗ 80 ಹೊದಿಕೆಗಳು 90 ಆಗಿದ್ದವು. ಗದ್ದಲದಲ್ಲಿ ‘ಎಂಬತ್ತು’ ಮತ್ತು ‘ತೊಂಬತ್ತು’ಗಳ ಬಾಲ ಒಂದೇ ಆಗಿ ಕೇಳುತ್ತದೆ. ‘ಇಪ್ಪತ್ತು’, ‘ಎಪ್ಪತ್ತು’ಗಳದ್ದೂ ಅದೇ ಪಾಡು. ಅಂದಿನಿಂದ ಅಂಕಿಗಳನ್ನು ಬಿಡಿಬಿಡಿಯಾಗಿ, ‘ಎಂಟು, ಸೊನ್ನೆ’ ಎಂದು ಓದುತ್ತೇವೆ, ಆಚೆಯವರು ಅದನ್ನೇ ಹಿಂದಿರುಗಿ ಓದುತ್ತಾರೆ. ಹೆಸರುಗಳನ್ನು ಅಂತರರಾಷ್ಟ್ರೀಯ ಅಕ್ಷರಮಾಲೆಯಲ್ಲಿ, ಆಲ್ಫಾ, ಬ್ರಾವೋ, ಚಾರ್ಲಿ ಎಂದು ಬಿಡಿಸಿ ಹೇಳುತ್ತೇವೆ. ಹಾಳೆಯಲ್ಲಿ ಸಂದೇಶದ ಸಂಖ್ಯೆ, ತುರ್ತಿನ ಮಟ್ಟ, ಹೊರಟ ಕೇಂದ್ರ, ಪದಗಳ ಎಣಿಕೆ, ಸಮಯ, ಯಾರಿಗೆ, ಯಾರಿಂದ ಎಂಬ ಜಾಗಗಳಿವೆ. ಪದಗಳ ಎಣಿಕೆಯನ್ನು ಮೊದಲು ಅನಗತ್ಯವೆಂದು ಬಿಟ್ಟಿದ್ದೆ. ಔಷಧಿಯ ಹೆಸರಿನ ನಂತರದ ‘ಬೇಡ’ ಎಂಬ ಒಂದೇ ಪದ ದಾರಿಯಲ್ಲಿ ಬಿದ್ದುಹೋಗಿ ಅರ್ಥ ತಿರುಗಿದಾಗ ಅದನ್ನು ಮತ್ತೆ ಸೇರಿಸಿದೆ. ಪೆನ್ನಿನ ಜೊತೆಗೆ ಎರಡು ಪೆನ್ಸಿಲ್ ಇಟ್ಟಿದ್ದೇನೆ, ಒದ್ದೆ ಹಾಳೆಯ ಮೇಲೆ ಪೆನ್ನು ಬರೆಯುವುದಿಲ್ಲ.

ಹಂತ 7: ಬೇರೆಯವರ ಕೈಯಲ್ಲಿ (ಹತ್ತು ಮತ್ತು ಹನ್ನೊಂದನೆಯ ವಾರ)

ಎಲ್ಲವನ್ನೂ ನೀರು ನುಗ್ಗದ ಗಟ್ಟಿ ಪೆಟ್ಟಿಗೆಗೂ ಒಂದು ಉದ್ದನೆಯ ಚೀಲಕ್ಕೂ ಹಂಚಿದೆ. ಒಟ್ಟು ತೂಕ 14 ಕಿಲೋ. ಮುಚ್ಚಳ ಹಾಕಿದ ಪೆಟ್ಟಿಗೆಯೊಳಗೆ ರೇಡಿಯೊ 20 ನಿಮಿಷಗಳಲ್ಲಿ ವಿಪರೀತ ಬಿಸಿಯಾದುದರಿಂದ, ಮಳೆಯಲ್ಲೂ ಮುಚ್ಚಳ ತೆರೆದೇ ಇರುವಂತೆ ಮೇಲೊಂದು ಸಣ್ಣ ಟಾರ್ಪಾಲನ್ನು ಸೇರಿಸಿದೆ.

ಕೊನೆಯ ಪರೀಕ್ಷೆಗೆ, ಪರವಾನಗಿ ಇರುವ, ಆದರೆ ಈ ಪೆಟ್ಟಿಗೆಯನ್ನು ಹಿಂದೆಂದೂ ನೋಡದ ಹವ್ಯಾಸಿಯೊಬ್ಬರನ್ನು ಕರೆದು, ಕತ್ತಲಾದ ಮೇಲೆ ತಲೆದೀಪವನ್ನು ಕೊಟ್ಟು, ನಾನು ಬಾಯಿ ತೆರೆಯದೆ ದೂರ ಕುಳಿತೆ. ವಿಪತ್ತಿನ ದಿನ ನಾನೇ ಅಲ್ಲಿರುತ್ತೇನೆಂಬ ಭರವಸೆ ಯಾರಿಗೂ ಇಲ್ಲವಲ್ಲ. ಕಂಬ, ಹಗ್ಗ, ಕೇಬಲ್ಲುಗಳನ್ನು ಅವರು ಸಲೀಸಾಗಿ ಕಟ್ಟಿದರು. ನಂತರ 12 ನಿಮಿಷಗಳ ಕಾಲ, ಎಸ್‌ಡಬ್ಲ್ಯುಆರ್ ಏಕೆ ಇಳಿಯುತ್ತಿಲ್ಲ ಎಂದು ಹುಡುಕಿದರು. ಒಂದು ಬದಿಯ ಕೊಂಡಿ ಸೇರಿತ್ತು, ಇನ್ನೊಂದು ಬದಿಯದು ಬಿಚ್ಚಿತ್ತು. ಮುಚ್ಚಳದ ಒಳಗೆ ನಾನು ಅಂಟಿಸಿದ್ದ ಚೀಟಿಯಲ್ಲಿ ‘80ಕ್ಕೆ ಕೊಂಡಿ ಸೇರಿಸಿ’ ಎಂದಿತ್ತು. ಕೊಂಡಿಗಳು ಎರಡಿವೆ ಎಂದು ಎಲ್ಲಿಯೂ ಬರೆದಿರಲಿಲ್ಲ.

ಚೀಟಿಯನ್ನು ಹರಿದು ಹೊಸದು ಬರೆದೆ: ‘ಹಗಲು 7.110: ಎಡ, ಬಲ ಎರಡೂ ಕೊಂಡಿ ಬಿಚ್ಚಿರಲಿ. ಇರುಳು 3.600: ಎಡ, ಬಲ ಎರಡೂ ಕೊಂಡಿ ಸೇರಿರಲಿ.’ ಕೊಂಡಿಗಳ ಪಕ್ಕದಲ್ಲಿ ದೀಪದ ಬೆಳಕಿಗೆ ಹೊಳೆಯುವ ಪಟ್ಟಿ ಸುತ್ತಿದೆ. ಆ ನಂತರದ ಭಾನುವಾರ, ಪೆಟ್ಟಿಗೆಯನ್ನು ನೋಡಿರದ ಇನ್ನೊಬ್ಬರು ಅದೇ ಕತ್ತಲಲ್ಲಿ ಚೀಲ ಬಿಚ್ಚಿದ್ದರಿಂದ ಹಿಡಿದು 3.600ರಲ್ಲಿ ಮೊದಲ ಉತ್ತರ ಪಡೆಯುವವರೆಗೆ 23 ನಿಮಿಷ ತೆಗೆದುಕೊಂಡರು.